ಬಿಯಾಜೋನ ಸೊಟ್ಟ ಮೋರೆ

ಎಲ್ಲಕ್ಕೂ ಮೂಲ ಮಫಾಲ್ದಾಳ ಪುತ್ರವಾತ್ಸಲ್ಯ. ನೇಪಲ್ಸಿನ ಆ ಓಣಿಗೆಲ್ಲ ಇದ್ದದ್ದು ಒಂದೇ ಟೀವಿ, ದೊನ್ ಸವೇರಿಯೋನ ಕಾಫಿ ಅಂಗಡಿಯಲ್ಲಿ. ಮದುವೆ ಮನೆಗಳಲ್ಲಿ ಹಕ್ಕಿಯ ಹಾಗೆ ಸಿಳ್ಳೆ ಹಾಕಿ ಹೊಟ್ಟೆ ಹೊರೆಯುವ ಅವಳ ಮಗ ಬಿಯಾಜೋ ಅವತ್ತು ಸಂಜೆ ಅದರಲ್ಲಿ ಒಂದು ನಿಮಿಷ ಬರುವವನಿದ್ದ. "ಟೀವೀಲಿ ನಿನ್ನ ಮೋರೆ ಕಂಡ ದಿನ ನನ್ನ ಮಗಳು ಅಸುಂತಾನ ನಿಂಗೇ ಕೊಡ್ತೀನಿ, ಹೋಗೋ," ಎಂದು ಸವೇರಿಯೋ ಹಿಂದೊಮ್ಮೆ ಗೇಲಿ ಮಾಡಿದ್ದ. ಅವನ ಮಗಳು ಅದನ್ನು ನಿಜವೆಂದೇ ಹಿಡಿದು ಕೂತಿದ್ದಳು.

ಓಣಿಯ ಅಷ್ಟೂ ಕಣ್ಣು ಮಗನ ಮೇಲೆ ಬಿದ್ದು ದೃಷ್ಟಿಯಾದರೆ? ಮಫಾಲ್ದಾ ಕುದುರೆ ಲಾಳ ಹುಡುಕಿದಳು, ಸಿಗಲಿಲ್ಲ. ಉದುರಿದ ಗುಂಡುಸೂಜಿ ಹೆಕ್ಕುವ ಆಯಸ್ಕಾಂತ ಹೊಲಿಗೆ ಪೆಟ್ಟಿಗೆಯಲ್ಲಿತ್ತು. ಆಕಾರವೇನೋ ಲಾಳದ್ದೇ. ಸಂಜೆ ಟೀವಿಯಲ್ಲಿ ಮಗನ ಹೆಸರು ಬಂದು ಅಂಗಡಿಯೆಲ್ಲ ಚಪ್ಪಾಳೆ ತಟ್ಟುವಾಗ, ಟೀವಿಗೆ ಹೊದಿಸಿದ ಲೇಸು ಬಟ್ಟೆಯ ಅಡಿ, ಪರದೆಯ ಪಕ್ಕಕ್ಕೇ ಅದನ್ನು ಮೆಲ್ಲಗೆ ಅಂಟಿಸಿಬಿಟ್ಟಳು. ಆ ಕಾಲದ ಟೀವಿಯ ಚಿತ್ರವನ್ನು ಆಯಸ್ಕಾಂತ ಸೊಟ್ಟಗೆ ಎಳೆಯುತ್ತದೆಂದು ಅವಳಿಗೇನು ಗೊತ್ತು?

ಅತ್ತ ನೇರ ಪ್ರಸಾರ ನಡೆದಿದ್ದ ಊರಿನ ರಂಗಮಂದಿರದಲ್ಲಿ ದೀಪದ ಝಳಕ್ಕೆ ಬೇಯುತ್ತ ಬಿಯಾಜೋ ಜೀವ ಪಣಕ್ಕಿಟ್ಟು ಸಿಳ್ಳೆ ಹಾಕಿದ. ಕುಣಿಯುತ್ತ ಓಣಿಗೆ ಓಡಿಬಂದರೆ ಅಂಗಡಿಯಲ್ಲಿ ಯಾರೂ ಅವನ ಮುಖ ನೋಡಲೊಲ್ಲರು.

"ಚೆನ್ನಾಗಿ ಬಂತಾ?"

"ಬಂತಪ್ಪಾ," ಎಂದ ಕ್ಷೌರಿಕ ಅನಿಯೆಲ್ಲೋ. "ಮೂಗು ಕಿವಿಗೆ ಬಂತು, ಗದ್ದ ಹಣೆಗೆ ಬಂತು. ಇಷ್ಟು ವರ್ಷ ನಿಂಗೆ ಗಡ್ಡ ಹೆರೆದಿದ್ದೀನಿ, ಆ ಮೋರೆ ಮಾತ್ರ ಕಂಡಿರ್ಲಿಲ್ಲ."

"ಅಲ್ನೋಡು!" ಸವೇರಿಯೋ ಗುಡುಗಿದ. ಪರದೆಯ ಮೇಲೆ ವಾರ್ತೆ ಓದುವವನು ಬೆಂದ ಶ್ಯಾವಿಗೆಯಂತೆ ಬಳುಕುತ್ತಿದ್ದ. "ನೀನು ಬಂದು ಹೋದ್ಮೇಲೆ ಬಂದೋರೆಲ್ಲ ಸೊಟ್ಟ! ನಿಂದು ಕೆಟ್ಟ ಕಣ್ಣು ಕಣೋ!"

ಕೆಟ್ಟ ಕಣ್ಣೆಂಬ ಮಾತು ಬಿದ್ದದ್ದೇ ತಡ, ಅಷ್ಟೂ ಜನ ತೋರುಬೆರಳು ಕಿರುಬೆರಳು ಕೊಂಬಿನಂತೆ ಚಾಚಿ ನೆಲಕ್ಕೆ ತೋರಿ ದೃಷ್ಟಿ ತಡೆದುಕೊಂಡರು. ಅಸುಂತಾ ಒಬ್ಬಳೇ ಬೆರಳು ಚಾಚಲಿಲ್ಲ. "ಅಪ್ಪಾ, ಅವನೇನ್ ಮಾಡ್ದ ಪಾಪ?" ಎಂದಳು. ಬಿಯಾಜೋನಿಗೆ ಅಷ್ಟೇ ಸಾಕಿತ್ತು, ಕಣ್ಣು ತುಂಬಿಬಂತು.

"ದೃಷ್ಟಿಯಾಗಿರೋದು ನನ್ನ ಕೂಸಿಗೆ, ನಿಮ್ಮ ಡಬ್ಬಕ್ಕಲ್ಲ!" ಎಂದು ಮಫಾಲ್ದಾ ಟೀವಿಯಿಂದ ಆ ಆಯಸ್ಕಾಂತದ ಲಾಳ ಕಿತ್ತು ತಂದು, ಬಾಗಿಲಲ್ಲಿ ನಿಂತಿದ್ದ ಮಗನ ಕೊರಳಿಗೆ ದಾರದಲ್ಲಿ ಕಟ್ಟಿ, ಅಂಗಿಯೊಳಗೆ ತೂರಿಸಿದಳು.

ವಾರ್ತೆಯವನು ಥಟ್ಟನೆ ನೆಟ್ಟಗಾದ! ಅಂಗಡಿಯೆಲ್ಲ ಹೋ ಎಂದಿತು. ಸವೇರಿಯೋ ಕರಗಿ ನೀರಾದ.

"ದೋಷ ಕಳೀತು ಬಿಡಿ. ಬಾರೋ ಅಳಿಯಾ, ಇಲ್ಲೇ ಟೀವಿ ಪಕ್ಕ ನಿಂತ್ಕೊಂಡು ಅದೇ ಸಿಳ್ಳೆ ಹಾಕು, ಕೇಳೋಣ."

ಅಳಿಯಾ ಎಂದರಲ್ಲ! ಬಿಯಾಜೋ ಎದೆಯುಬ್ಬಿಸಿ ಹೋಗಿ ಟೀವಿಗೆ ಒರಗಿ ನಿಂತು ತುಟಿ ಚೂಪು ಮಾಡಿದ. ವಾರ್ತೆಯವನ ತಲೆ ಜೊಲ್ಲಿನಂತೆ ಅವನತ್ತ ಇಳಿಯತೊಡಗಿತು. ಬಿಯಾಜೋ ಬೆದರಿ ಹಿಂದೆ ಸರಿದ, ತಲೆ ನೆಟ್ಟಗಾಯಿತು. ಮತ್ತೆ ಮುಂದೆ ಬಂದ, ಮತ್ತೆ ಇಳಿಯಿತು.

"ಇನ್ನೇನ್ ಸಾಕ್ಷಿ ಬೇಕು?" ಎಂದ ಅನಿಯೆಲ್ಲೋ, ಬಾಗಿಲ ಕಡೆ ಸರಿಯುತ್ತ.

ಬಿಯಾಜೋ ಅಸುಂತಾಳನ್ನು ನೋಡಿದ. ಅವಳು ಎಂದಿನಂತೆ ಅಕ್ಕರೆಯಿಂದಲೇ ನಗುತ್ತಿದ್ದಳು. ಕೈಯಲ್ಲಿದ್ದ ಮುಸುರೆ ಒರೆಸುವ ಬಟ್ಟೆಯ ಮರೆಯಲ್ಲಿ ಮಾತ್ರ ಅವಳ ಎರಡು ಬೆರಳು ಕೊಂಬಿನಂತೆ ನೆಲಕ್ಕೆ ಚಾಚಿದ್ದವು.