ಅಡುಗೆಮನೆ ಹಾಗೂ ಅರ್ಧ ಬಚ್ಚಲಿನ ಒಡತಿಯ ಅರಿಕೆ

ಗೃಹಸಾಲ ವಿಭಾಗದ ಮುಖ್ಯಸ್ಥರ ಸನ್ನಿಧಾನಕ್ಕೆ,
ಇಲೊಯ್ಲೊ ನಗರ

ಮಾನ್ಯರೇ,

ಪಾವಿಯಾದ ಸಾಲುಮನೆಗಳ ಏಳನೇ ಬೀದಿಯಿಂದ ತಮಗೂ, ತಮ್ಮ ಕುಟುಂಬಕ್ಕೂ, ತಮ್ಮ ತಂಪು ಕೋಣೆಯ ಮೂಲೆಯಲ್ಲಿ ಹತ್ತು ವರ್ಷಗಳಿಂದ ಒಂದು ಎಲೆಯನ್ನೂ ಉದುರಿಸದ ಆ ಪ್ಲಾಸ್ಟಿಕ್ ಬಿದಿರಿಗೂ ನನ್ನ ನಮಸ್ಕಾರಗಳು.

“ದಣಿದ ಕಾಲು ಯಾರನ್ನೂ ಕೇಳದೆ ತಿರುಗುವ ದಿಕ್ಕೇ ಮನೆ” ಎಂಬೊಂದು ಸಾಲು ಬಹುಕಾಲದಿಂದ ನನ್ನ ತಲೆಯಲ್ಲಿ ಕೂತಿದೆ. “ದಿಕ್ಕೇ” ಎಂದಿತ್ತೋ “ದಾರಿಯೇ” ಎಂದಿತ್ತೋ ಈಗ ಖಚಿತವಿಲ್ಲ. ಎಂ.ಎ. ಓದುವಾಗ ಯಾವುದೋ ಕವಿತೆಯಲ್ಲಿ ಕಂಡದ್ದಿರಬೇಕೆಂದು ನಂಬಿ, ಕಾಲೇಜಿನಲ್ಲಿ ನನ್ನ ವಿದ್ಯಾರ್ಥಿಗಳಿಗೆ ಎರಡು ಸಲ ಅದನ್ನು ವಿವರಿಸಿಯೂ ಇದ್ದೇನೆ. ಕಳೆದ ವಾರ ಸಾಲದ ಕಾಗದಗಳ ಕಟ್ಟು ಬಿಚ್ಚಿದಾಗಲೇ ತಿಳಿದದ್ದು, ಅದು ಕವಿತೆಯದಲ್ಲ, ತಮ್ಮ ಬ್ಯಾಂಕಿನ ಬಣ್ಣದ ಕೈಪತ್ರದ್ದು ಎಂದು. ಆ ಸಾಲಿನ ಬಲತುದಿಯನ್ನು ಇಲಿ ತಿಂದಿರುವುದರಿಂದ ನನ್ನ ಅನುಮಾನ ಹಾಗೆಯೇ ಉಳಿದಿದೆ. ಕವಿಗಳಿಗೆ ಸಲ್ಲಬೇಕಾದ ಗೌರವವನ್ನು ತಮ್ಮ ಜಾಹೀರಾತು ವಿಭಾಗಕ್ಕೆ ಸಲ್ಲಿಸಿದ್ದಕ್ಕೆ ನನಗೇನೂ ಬೇಸರವಿಲ್ಲ. ಆದರೆ ಒಂದು ಸಣ್ಣ ಪ್ರಶ್ನೆ: ಇಲ್ಲಿ ಹೇಳಿರುವುದು ಯಾರ ಕಾಲು? ನನ್ನ ಗಂಡ ಎಲ್ಪಿಡಿಯೊ ಸರಕು ಹಡಗಿನಲ್ಲಿ ಅಡುಗೆಯವನು. ದಣಿದ ಮೇಲೆ ಅವನ ಕಾಲು ಯಾವ ದಿಕ್ಕಿಗೆ ತಿರುಗಿದರೂ ನಲವತ್ತು ಹೆಜ್ಜೆಯೊಳಗೆ ಕಂಬಿ ಅಡ್ಡ ಬರುತ್ತದೆ, ಕಂಬಿಯ ಆಚೆ ನೀರು.

ಇರಲಿ. ನಾನು ಬರೆಯಹೊರಟದ್ದು ತಮ್ಮ ಈಚಿನ ಪತ್ರದ ಬಗ್ಗೆ. ನಮ್ಮ ಸಾಲದ ಬಡ್ಡಿದರವನ್ನು ತಾವು “ಪರಿಷ್ಕರಿಸಿ”, ಐದು ವರ್ಷದ ಹಿಂದೆ ಒಮ್ಮೆ ಏರಿಸಿದ್ದ ತಿಂಗಳ ಕಂತನ್ನು ಹದಿಮೂರು ಸಾವಿರದ ಆರುನೂರ ಎಂಬತ್ತೊಂದು ಪೆಸೊಗಳಿಂದ ಹದಿನಾಲ್ಕು ಸಾವಿರದ ಎಂಟುನೂರ ತೊಂಬತ್ತೊಂದಕ್ಕೆ ಏರಿಸಿದ್ದೀರಿ. ಪರಿಷ್ಕರಣೆ ಎಂಬ ಮಾತು ನನಗೆ ಅಪರಿಚಿತವಲ್ಲ. ಪ್ರಬಂಧಗಳನ್ನು ಪರಿಷ್ಕರಿಸುವಾಗ ನಾವು ಬೇಡದ್ದನ್ನು ತೆಗೆಯುತ್ತೇವೆ. ತಾವು ಅದೇ ಹೆಸರಿನಲ್ಲಿ ಸೇರಿಸುತ್ತೀರಿ. ಭಾಷೆಯ ಮೇಲಿನ ತಮ್ಮ ಈ ಹಿಡಿತವನ್ನು ಮೆಚ್ಚದೆ ಇರಲಾರೆ.

ಈ ಸಾಲ ಹುಟ್ಟಿದ ಬಗೆಯನ್ನು ತಾವು ಮರೆತಿರಬಹುದಾದ್ದರಿಂದ ನೆನಪಿಸುವುದು ನನ್ನ ಕರ್ತವ್ಯ. ಮನೆಯ ಬೆಲೆ ಇಪ್ಪತ್ತು ಲಕ್ಷ, ನಮ್ಮ ಮುಂಗಡ ನಾಲ್ಕು ಲಕ್ಷ, ತಮ್ಮ ಔದಾರ್ಯ ಹದಿನಾರು ಲಕ್ಷ. ನಾವು ಕೇಳಿಕೊಂಡು ಬಂದದ್ದು ಹದಿನೈದು ವರ್ಷದ ಸಾಲವನ್ನು. ಜೊತೆಗೆ ನನ್ನ ಅತ್ತೆ, ನಾವೆಲ್ಲ ನಾನಾಯ್ ಸಲುದ್ ಎನ್ನುತ್ತಿದ್ದ ಹಿರಿಯರು, ಬಂದಿದ್ದರು. ಮನೆ ಅವರಿಗೆ ಒಪ್ಪಿಗೆಯಾಗಿದ್ದೇ ಮೆಟ್ಟಿಲಿನಿಂದ. ಬಂಗಾರ, ಬೆಳ್ಳಿ, ಸಾವು. ಬಂಗಾರ, ಬೆಳ್ಳಿ, ಸಾವು ಎಂದು ಒಂದೊಂದೇ ಮೆಟ್ಟಿಲು ಎಣಿಸುತ್ತ ಹತ್ತಿದ ಅವರಿಗೆ ಹದಿಮೂರನೆಯದು, ಕೊನೆಯದು, ಬಂಗಾರಕ್ಕೆ ಬಿತ್ತು. ಕೊನೆಯ ಮೆಟ್ಟಿಲು ಸಾವಿಗೆ ಬೀಳುವ ಮನೆಯನ್ನು ನಮ್ಮಲ್ಲಿ ಯಾರು ತಾನೇ ಕೊಳ್ಳುತ್ತಾರೆ? ಅಷ್ಟಕ್ಕೇ ನಿಂತಿದ್ದರೆ ಚೆನ್ನಾಗಿತ್ತು. ತಮ್ಮ ಅಧಿಕಾರಿಯ ಮೇಜಿನೆದುರು ಕೂತು ನಾನಾಯ್ ಬೆರಳು ಮಡಿಚಿ ಸಾಲದ ವರ್ಷಗಳನ್ನೂ ಎಣಿಸಿದರು.

“ಹದಿನೈದಾ? ಹದಿನೈದು ಸಾವಿಗೆ ಬೀಳತ್ತಲ್ಲೋ ಮಗಾ! ನನ್ನ ಮಗ ಸಮುದ್ರದ ಮೇಲಿರೋನು. ಬೇರೆ ಅಂಕಿ ತೋರ್ಸು” ಎಂದರು.

ಮಾನ್ಯರೇ, ಆ ಹೊತ್ತಿನಲ್ಲಿ ತಮ್ಮ ಅಧಿಕಾರಿ ತೋರಿದ ಸಂಸ್ಕೃತಿಪ್ರೇಮವನ್ನು ನಾನು ಮರೆಯುವುದುಂಟೇ? ಅವರು ನಗಲಿಲ್ಲ. ಲೆಕ್ಕದ ಯಂತ್ರವನ್ನು ಪಕ್ಕಕ್ಕಿಟ್ಟು ತಾವೂ ಬೆರಳು ಮಡಿಚಿದರು. “ಇಪ್ಪತ್ತು ಬೆಳ್ಳಿ, ನಾನಾಯ್. ಇಪ್ಪತ್ತೈದು ತಗೊಂಡ್ಬಿಡಿ, ಅಚ್ಚ ಬಂಗಾರ. ಕಂತೂ ಮೂರು ಸಾವಿರ ಕಮ್ಮಿ ಬೀಳತ್ತೆ” ಎಂದರು. ನಾನಾಯ್ ಅವರ ಕೈಹಿಡಿದು ಹರಸಿದರು. ನಾನು ಒಳಗೊಳಗೇ ನಕ್ಕೆ, ಓದಿದವಳಲ್ಲವೇ. ನಕ್ಕು, ಮೂರು ಸಾವಿರ ಕಮ್ಮಿ ಎಂಬ ಮಾತಿಗೆ ಮನಸೋತು, ಎಲ್ಪಿಡಿಯೊನ ಹೆಸರಿನ ಕೆಳಗೆ ಸಹಿ ಹಾಕಿದೆ. ಪದ್ಯದ ಒಂದು ಪಾದದಲ್ಲಿ ಮಾತ್ರೆ ಹೆಚ್ಚಾದರೆ ಕಿವಿಯಲ್ಲೇ ಹಿಡಿಯುವ ನಾನು, ಅಂದಿನ ಕಂತಾದ ಹನ್ನೊಂದು ಸಾವಿರದ ಎಂಟುನೂರ ಇಪ್ಪತ್ತನಾಲ್ಕನ್ನು ಮುನ್ನೂರು ತಿಂಗಳಿಂದ ಗುಣಿಸಿ ನೋಡಲಿಲ್ಲ. ಕಳೆದ ವಾರ ಗುಣಿಸಿದೆ. ಬಡ್ಡಿದರ ಒಂದಿಷ್ಟೂ ಏರದೆ ಇದ್ದಿದ್ದರೂ, ಸಾವಿನಿಂದ ಬಂಗಾರಕ್ಕೆ ಹಾರಿದ್ದಕ್ಕೆ ನಾವು ಕೊಡಬೇಕಿದ್ದ ಹೆಚ್ಚಿನ ಮೊತ್ತ ಎಂಟು ಲಕ್ಷ ಎಪ್ಪತ್ತೇಳು ಸಾವಿರ. ಇಷ್ಟು ದುಬಾರಿ ಬಂಗಾರವನ್ನು ಯಾವ ಅಕ್ಕಸಾಲಿಗನೂ ಮಾರಿರಲಾರ.

ನಾನಾಯ್ ನಾಲ್ಕು ವರ್ಷದ ಹಿಂದೆ, ಮಗನನ್ನು ಉಳಿಸಿಕೊಟ್ಟ ಸಮಾಧಾನದಲ್ಲಿ ತೀರಿಕೊಂಡರು. ಒಳ್ಳೆಯದೇ ಆಯಿತು. ಹತ್ತು ವರ್ಷ ಕಳೆದು ಈಗ ಉಳಿದಿರುವುದು ಹದಿನೈದು ಎಂಬುದನ್ನು ಅವರಿಗೆ ಹೇಳುವವರು ಯಾರು? ತಾವು ಈಗ ಕೇಳುತ್ತಿರುವ ಹೊಸ ಕಂತು, ಅಂದು ನಾವು ಭಾರವೆಂದು ಬಿಟ್ಟ ಹದಿನೈದು ವರ್ಷದ ಸಾಲದ ಕಂತಿಗಿಂತ ಐವತ್ತೊಂಬತ್ತು ಪೆಸೊ ಹೆಚ್ಚಿಗೆ ಇದೆ ಎಂಬುದನ್ನಾದರೂ ಹೇಗೆ ಹೇಳುವುದು?

ಮೊದಲ ತಿಂಗಳ ರಸೀದಿ ಇನ್ನೂ ನನ್ನ ಬಳಿ ಇದೆ. ಕಟ್ಟಿದ್ದರಲ್ಲಿ ಬಡ್ಡಿಗೆ ಹತ್ತು ಸಾವಿರ, ಅಸಲಿಗೆ ಸಾವಿರದ ಎಂಟುನೂರ ಇಪ್ಪತ್ತನಾಲ್ಕು. ಮೂಗಿಗಿಂತ ಮೂಗುತಿ ಭಾರ ಎನ್ನುತ್ತಾರೆ. ಇಲ್ಲಿ ಮೂಗುತಿಗೆ ಮೂಗು ಸಿಕ್ಕಿಸಿದ ಹಾಗಿದೆ. ಈ ಹತ್ತು ವರ್ಷದಲ್ಲಿ ಒಂದು ತಿಂಗಳೂ ತಪ್ಪದೆ ನಾವು ಕಟ್ಟಿದ್ದು ಹದಿನೈದು ಲಕ್ಷ ಮೂವತ್ತು ಸಾವಿರ. ಪಡೆದದ್ದು ಹದಿನಾರು ಲಕ್ಷವಾದ್ದರಿಂದ ಇನ್ನೇನು ಮುಗಿಯಿತು ಎಂದು ನಾನು ಭಾವಿಸಿದ್ದೆ. ಇನ್ನೂ ಹದಿಮೂರು ಲಕ್ಷ ಹತ್ತು ಸಾವಿರ ಬಾಕಿ ಇದೆ ಎಂದು ತಮ್ಮ ಪತ್ರ ಮೃದುವಾಗಿ ತಿಳಿಸಿದೆ.

ಆದ್ದರಿಂದ ನನ್ನದೊಂದು ಬಿನ್ನಹ. ಮುಂಗಡವನ್ನೂ ತೀರಿದ ಅಸಲನ್ನೂ ಕೂಡಿಸಿದರೆ ಈ ಮನೆಯಲ್ಲಿ ನಮ್ಮ ಪಾಲು ಮೂರರಲ್ಲೊಂದು. ಟೇಪು ಹಿಡಿದು ಅಳೆದೆ. ಅಡುಗೆಮನೆ, ಊಟದ ಮೇಜಿನ ಜಾಗ, ಅರ್ಧ ಬಚ್ಚಲು ನಮ್ಮದು. ದಯಮಾಡಿ ಒಬ್ಬ ಅಧಿಕಾರಿಯನ್ನು ಸೀಮೆಸುಣ್ಣದೊಂದಿಗೆ ಕಳುಹಿಸಿ ಗೆರೆ ಎಳೆಸಿಕೊಡಬೇಕು. ಗೆರೆಯ ಆಚೆಗಿನ ತಮ್ಮ ಪಾಲಿನಲ್ಲಿ ಎರಡು ಕಡೆ ಸೂರು ಸೋರುತ್ತಿದೆ, ಮಲಗುವ ಕೋಣೆಯ ಗೋಡೆ ಬಿರುಕು ಬಿಟ್ಟಿದೆ, ಗೆದ್ದಲು ತಮ್ಮ ಕಿಟಕಿಯ ಚೌಕಟ್ಟನ್ನೇ ಆರಿಸಿಕೊಂಡಿದೆ. ಹತ್ತು ವರ್ಷಗಳಿಂದ ತಮ್ಮ ಆಸ್ತಿಗೆ ನಾನು ಬಳಿಸಿದ ಬಣ್ಣ, ಹಾಕಿಸಿದ ತಗಡು, ಕಟ್ಟಿದ ಮನೆತೆರಿಗೆ ಇವುಗಳ ಪಟ್ಟಿಯನ್ನು ಬೇರೆಯಾಗಿ ಕಳುಹಿಸುವೆ. ಅವಸರವೇನಿಲ್ಲ. ತಾವು ಅದನ್ನು ಇಪ್ಪತ್ತೈದು ವರ್ಷಗಳಲ್ಲಿ ತೀರಿಸಬಹುದು. ಬಡ್ಡಿದರವನ್ನು ಆಗಾಗ್ಗೆ ಪರಿಷ್ಕರಿಸುತ್ತೇನೆ.

ತಮ್ಮ ಕರುಣೆಯ ಇನ್ನೊಂದು ಮುಖವನ್ನೂ ಇಲ್ಲಿ ಸ್ಮರಿಸಬೇಕು. ಸಾಲದ ಜೊತೆಗೆ ಎಲ್ಪಿಡಿಯೊನ ಜೀವಕ್ಕೊಂದು ವಿಮೆ ಮಾಡಿಸಿದ್ದೀರಿ, ಅದರ ಹಣವನ್ನೂ ನಾವೇ ಕಟ್ಟುತ್ತಿದ್ದೇವೆ. ಅವನು ತೀರಿಕೊಂಡರೆ ಸಾಲವೂ ತೀರುತ್ತದೆಯಂತೆ. ಕರಾರುಪತ್ರದ ಸಣ್ಣ ಅಕ್ಷರಗಳನ್ನು ಭೂತಗನ್ನಡಿಯಲ್ಲಿ ಓದಿದಾಗ ಇನ್ನೊಂದು ಸಂಗತಿ ಕಂಡಿತು: ಅವಧಿಗೆ ಮುಂಚೆ ಸಾಲ ತೀರಿಸಿದರೆ ದಂಡವಿದೆ, ಅವಧಿಗೆ ಮುಂಚೆ ಸತ್ತರೆ ದಂಡವಿಲ್ಲ. ಇಷ್ಟು ನಿಚ್ಚಳವಾದ ವಾಕ್ಯವನ್ನು ನಾನು ಈಚಿನ ಯಾವ ಸಂಕಲನದಲ್ಲೂ ಓದಿಲ್ಲ.

ಈಗ ವಿಷಯಕ್ಕೆ ಬರುತ್ತೇನೆ. ಎಲ್ಪಿಡಿಯೊಗೆ ಐವತ್ತೆರಡು. ರಜೆಯಲ್ಲಿ ಮನೆಗೆ ಬಂದಿದ್ದಾನೆ. ಬೆಳಗಿನ ನಾಲ್ಕಕ್ಕೇ ಎದ್ದು ಹಡಗಿನ ಅಭ್ಯಾಸದಂತೆ ಇಪ್ಪತ್ತೆರಡು ಜನಕ್ಕೆ ಅನ್ನ ಬೇಯಿಸುತ್ತಾನೆ. ಆಮೇಲೆ ನೆನಪಾಗಿ, ಪಾತ್ರೆ ಹೊತ್ತು ಬೀದಿಗೆಲ್ಲ ಹಂಚಿ ಬರುತ್ತಾನೆ. ಇದೇ ಕೊನೆಯ ಸಲ, ಇನ್ನು ಹಡಗು ಹತ್ತುವುದಿಲ್ಲ ಎಂದು ಹೇಳಿ ಬಂದವನು ತಮ್ಮ ಪತ್ರ ಓದಿ ಮಡಿಚಿಟ್ಟ. ಮಾರನೆಯ ದಿನ ಹೇಳದೆ ಕೇಳದೆ ಹಡಗಿನ ಕೆಲಸದ ಏಜೆನ್ಸಿಗೆ ಹೋಗಿ ದೇಹಪರೀಕ್ಷೆ ಮಾಡಿಸಿಕೊಂಡು ಬಂದ. ರಕ್ತದೊತ್ತಡ ಮೊದಲ ಎರಡು ಸಲ ಹೆಚ್ಚಿತ್ತಂತೆ, ಮೂರನೇ ಸಲಕ್ಕೆ ಇಳಿಯಿತಂತೆ.

“ಒಂಬತ್ತು ತಿಂಗಳು ಏನ್ ಮಹಾ ಲುದಿ, ಡಬ್ಬೀಲಿರೋ ಅಕ್ಕಿಗೆ ಹುಳ ಬೀಳೋದ್ರೊಳಗೆ ಬಂದ್ಬಿಡ್ತೀನಿ” ಎಂದ.

“ಆಮೇಲೆ?” ಎಂದೆ.

“ಆಮೇಲೆ ಇನ್ನೊಂದು ಒಂಬತ್ತು” ಎಂದು ನಕ್ಕ. ನನಗೆ ನಗು ಬರಲಿಲ್ಲ.

ಶುಕ್ರವಾರದೊಳಗೆ ಏಜೆನ್ಸಿಯ ಕರಾರಿಗೆ ಅವನು ಸಹಿ ಹಾಕಬೇಕು. ಆ ಕಾಗದವನ್ನು ಮೇಜಿನ ಮೇಲಿಟ್ಟುಕೊಂಡು ಕೂತಾಗ, ತಾವು ಕಂತಿನ ಪಟ್ಟಿಯಲ್ಲಿ ಸೇರಿಸಲು ಮರೆತ ಒಂದು ಅಂಕಣ ನನಗೆ ಹೊಳೆಯಿತು. ಅವನ ಪ್ರಯಾಣದ ಪುಸ್ತಕದ ಮುದ್ರೆಗಳನ್ನು ನೋಡಿ ಎಣಿಸಿದೆ. ಮನೆ ಕೊಂಡ ಈ ಹತ್ತು ವರ್ಷಗಳಲ್ಲಿ ಅವನು ಈ ಮನೆಯಲ್ಲಿ ಮಲಗಿದ ರಾತ್ರಿಗಳು ಆರುನೂರ ಹನ್ನೊಂದು. ಕಟ್ಟಿದ ಹಣವನ್ನು ಅದರಿಂದ ಭಾಗಿಸಿದರೆ ರಾತ್ರಿಗೆ ಎರಡೂವರೆ ಸಾವಿರ ಪೆಸೊ. ಆ ದುಡ್ಡಿಗೆ ಬೊರಾಕಾಯ್ ದ್ವೀಪದಲ್ಲಿ ಕಡಲಿಗೆ ಮುಖ ಮಾಡಿದ ಕೋಣೆ ಸಿಗುತ್ತದೆ, ಬೆಳಗಿನ ತಿಂಡಿ ಸಹಿತ; ಹಾಸಿಗೆಯನ್ನೂ ಅವರೇ ಮಡಿಚುತ್ತಾರೆ. ಮನೆ ದುಬಾರಿಯೆಂದು ನಾನು ದೂರುತ್ತಿಲ್ಲ ಮಾನ್ಯರೇ. ಕೊಂಡದ್ದು ಇಬ್ಬರಿಗೆಂದು, ಇರುತ್ತಿರುವವಳು ಒಬ್ಬಳು. ತಾವು ಒಂಟಿಯವರಿಗೆ ಏನಾದರೂ ರಿಯಾಯಿತಿ ಕೊಡುವುದುಂಟೇ ಎಂದು ವಿಚಾರಿಸುತ್ತಿದ್ದೇನೆ. ಅದಿಲ್ಲವಾದರೆ, ಅವನಿಲ್ಲದ ಮೂರು ಸಾವಿರ ಚಿಲ್ಲರೆ ರಾತ್ರಿಗಳನ್ನು ತಮ್ಮ ಖಜಾನೆಯಿಂದ ಹಿಂದಿರುಗಿಸಬೇಕು. ಹಳೆಯವಾದರೂ ಚಿಂತೆಯಿಲ್ಲ, ಅಲ್ಲಲ್ಲಿ ಸವೆದಿದ್ದರೂ ಸಂದಾಯವಾಯಿತೆಂದು ಬರೆದುಕೊಡುತ್ತೇನೆ.

ಉತ್ತರ ಬರುವುದು ತಡವಾಗಬಹುದೆಂದು ನಾವೇ ಒಂದು ತೀರ್ಮಾನಕ್ಕೆ ಬಂದಿದ್ದೇವೆ. ನಿನ್ನೆ ಗೇಟಿಗೆ “ಪಸಾಲೊ” ಎಂದು ಬೋರ್ಡು ಕಟ್ಟಿದೆವು. ಉಳಿದ ಕಂತುಗಳನ್ನು ಹೊತ್ತುಕೊಳ್ಳುವವರಿಗೆ ಮನೆ. ನಮಗೆ ಕೊಟ್ಟಷ್ಟು ಕೊಡಲಿ. ನಾನು ಹತ್ತಿದ್ದ ಏಣಿಯನ್ನು ಕೆಳಗಿನಿಂದ ಹಿಡಿದಿದ್ದ ಎಲ್ಪಿಡಿಯೊ, “ಆಮೇಲೆ ಎಲ್ಲಿರೋದು?” ಎಂದ. “ಪಕ್ಕದ ಸಾಲಲ್ಲಿ ಬಾಡಿಗೆಗಿದೆ, ಆರೂವರೆ ಸಾವಿರ. ಅಲ್ಲೂ ಸೂರು ಸೋರತ್ತೆ, ಆದ್ರೆ ರಿಪೇರಿ ನಮ್ದಲ್ಲ” ಎಂದೆ. ಏಣಿ ಸ್ವಲ್ಪ ಅಲುಗಿತು, ಅವನು ನಗುತ್ತಿದ್ದ. ನಾನು ಇಳಿದ ಮೇಲೆ ಏಜೆನ್ಸಿಯ ಕಾಗದ ಎಲ್ಲಿಟ್ಟೆ ಎಂದು ಅವನು ಕೇಳಲಿಲ್ಲ, ನಾನೂ ಹೇಳಲಿಲ್ಲ.

ಮೊದಲು ಬಂದದ್ದು ಹೊಸದಾಗಿ ಮದುವೆಯಾದ ಜೋಡಿ. ಒಳಗೆ ಬಂದವರೇ ಮೆಟ್ಟಿಲು ಎಣಿಸಿ ಹಿಗ್ಗಿದರು. ಸಾಲದ ಪಟ್ಟಿಯನ್ನು ಮುಂದಿಟ್ಟು, ಇದನ್ನೂ ಎಣಿಸಿ, ಇಡೀ ಎಣಿಸಿ, ಗುಣಿಸಿಯೇ ನೋಡಿ ಎಂದೆ. ನನಗೆ ಅಂದು ಯಾರೂ ಹೀಗೆ ಹೇಳಿರಲಿಲ್ಲ. ಹುಡುಗಿ ಕೊನೆಯ ಅಂಕಿಯನ್ನು ಎರಡು ಸಲ ಓದಿದಳು. ಥ್ಯಾಂಕ್ಸ್ ಹೇಳಿ ಹೊರಟುಹೋದರು. ಗಿರಾಕಿ ಕಳೆದುಕೊಂಡೆನಾದರೂ ಆ ರಾತ್ರಿ ನಿದ್ದೆ ಚೆನ್ನಾಗಿ ಬಂತು. ಎಣಿಸಿದ ಮೇಲೂ ಬೇಕೆನ್ನುವವರು ಬಂದೇ ಬರುತ್ತಾರೆ. ಅವರು ಬಂದಾಗ ಸಾಲದ ವರ್ಗಾವಣೆಗೆ ತಮ್ಮ ಒಪ್ಪಿಗೆ ಬೇಕಂತೆ. ಈ ಪತ್ರದಲ್ಲಿ ನಾನು ಕೇಳಿದ ಸೀಮೆಸುಣ್ಣ, ರಿಯಾಯಿತಿ, ರಾತ್ರಿಗಳು ಯಾವುದನ್ನೂ ಕೊಡದಿದ್ದರೂ ಚಿಂತೆಯಿಲ್ಲ, ಅದೊಂದು ಸಹಿಯನ್ನು ಕೊಡಿ. ಅದಕ್ಕೂ ಶುಲ್ಕವಿದೆಯೆಂದು ಬಲ್ಲೆ. ಕಟ್ಟುತ್ತೇನೆ, ಅಭ್ಯಾಸವಾಗಿದೆ.

ತಮ್ಮ ಬಿದಿರು ಸದಾ ಹಸಿರಾಗಿರಲಿ ಎಂದು ಹಾರೈಸುವ,

ತಮ್ಮ ವಿಶ್ವಾಸಿ,
ಲುದಿವಿನಾ ಪಾಲ್ಮೆಸ್

ಮರೆತ ಮಾತು: ಈ ಪತ್ರವನ್ನು ಲಕೋಟೆಗೆ ಹಾಕುವ ಹೊತ್ತಿಗೆ ಎದುರುಮನೆಯ ಹಿರಿಯಕ್ಕ ಮನಾಂಗ್ ಪುರಿಂಗ್, ಎಲ್ಪಿಡಿಯೊ ಕೊಟ್ಟು ಬಂದಿದ್ದ ಅನ್ನದ ಪಾತ್ರೆಯನ್ನು ಹಿಂದಿರುಗಿಸಲು ಬಂದರು. ಮೂವತ್ತು ವರ್ಷ ಬಾಡಿಗೆ ಮನೆಯಲ್ಲೇ ಇದ್ದ ಅವರನ್ನು ಕಂಡು, ದುಡ್ಡೆಲ್ಲ ನೀರಿಗೆ ಹಾಕುತ್ತಿದ್ದಾರೆಂದು ನಾನು ಎಷ್ಟೋ ಸಲ ಮರುಗಿದ್ದುಂಟು. ಗೇಟಿನ ಬೋರ್ಡನ್ನು ಓದಿಕೊಂಡು ಬಂದಿದ್ದರು. ಒಳಗೆ ಬನ್ನಿ ಎಂದರೆ ಬರಲಿಲ್ಲ. ಹೊಸಿಲ ಮೇಲೆ ನಿಂತು, ಒಳಗೆ ಈರುಳ್ಳಿ ಹೆಚ್ಚುತ್ತಿದ್ದವನತ್ತ ಒಮ್ಮೆ ಇಣುಕಿ, ಪಾತ್ರೆಯನ್ನು ನನ್ನ ಕೈಗಿಟ್ಟು ಹೇಳಿದರು:

“ಮನೆ ಕೊಟ್ಟು ಗಂಡನ್ನ ಬಿಡಿಸ್ಕೊಳ್ತಾ ಇದ್ದೀಯಾ ಇಂದೈ, ತಂಗಿ? ಒಳ್ಳೇದಾಯ್ತು. ರಸೀದಿ ಮಾತ್ರ ಮರೀದೆ ಇಸ್ಕೋ, ಇಲ್ಲಾಂದ್ರೆ ನಾಳೆ ಅವನ ಮೇಲೂ ಬಡ್ಡಿ ಹಾಕ್ತಾರೆ.”