ಆ ಕಾಲ, ಈ ಕಾಲು

ಕೆಲವರಿಗೆ ನಶ್ಯದ ಚಟ, ಕೆಲವರಿಗೆ ಇಸ್ಪೀಟಿನ ಚಟ. ನನಗಿರುವುದು ಹಿನ್ನೆಲೆಯ ಚಟ. ಯಾರಾದರೂ ಬೈಬಲಿನ ಶುಭಸಂದೇಶದ ಒಂದು ವಾಕ್ಯ ಓದಿ ಮುಗಿಸುವುದರೊಳಗೆ, ‘ಅದನ್ನು ಆ ಕಾಲದಲ್ಲಿಟ್ಟು ನೋಡಬೇಕು’ ಎನ್ನಲು ನನ್ನ ನಾಲಿಗೆ ತುರಿಸುತ್ತದೆ. ಮದ್ದೂರಿನ ಹೈಸ್ಕೂಲೊಂದರಲ್ಲಿ ಸಮಾಜ ಪಾಠ ಹೇಳಿ, ನಿವೃತ್ತನಾಗಿ, ಮಳವಳ್ಳಿಯ ಮನೆಯಲ್ಲಿ ಕೂತ ಮೇಲೆ ಈ ಚಟ ಇನ್ನಷ್ಟು ಬಲಿತಿದೆ. ಸ್ಕೂಲಿನಲ್ಲಾದರೆ ಗಂಟೆ ಹೊಡೆದು ಮಕ್ಕಳನ್ನು ಕಾಪಾಡುತ್ತಿದ್ದರು. ಮನೆಯಲ್ಲಿ ಗಂಟೆ ಇಲ್ಲ. ನನ್ನ ಹೆಂಡತಿ ಲೂರ್ದಮ್ಮ ಕುಕ್ಕರಿನ ಸೀಟಿಯನ್ನೇ ಗಂಟೆ ಅಂದುಕೊಂಡು ಎದ್ದು ಹೋಗುತ್ತಾಳೆ. ಕೆಲವು ಸಲ ಒಲೆಯ ಮೇಲೆ ಕುಕ್ಕರ್ ಇಲ್ಲದಿದ್ದರೂ ಎದ್ದು ಹೋಗುತ್ತಾಳೆ.

ನಮ್ಮ ಚರ್ಚಿನ ಫಾದರ್ ಒಳ್ಳೆಯವರು. ಅವಳ ಕಷ್ಟ ನೋಡಲಾರದೆಯೋ ಏನೋ, ಭಾನುವಾರ ಸಂಜೆ ಚರ್ಚಿನ ಪಕ್ಕದ ಕೋಣೆಯಲ್ಲಿ ಆಸಕ್ತರಿಗೆ ಪಾಠ ಮಾಡಿ ಎಂದು ನನಗೇ ಹೇಳಿದರು. ಮೊದಲ ವಾರ ಉಪದೇಶಿ ಇನ್ನಾಸಪ್ಪ ಬೆಳಗಿನ ಪೂಜೆ ಮುಗಿದ ಮೇಲೆ ಮೈಕಿನಲ್ಲಿ, “ಇವತ್ತು ಸಂಜೆ ಮೇಷ್ಟ್ರು ಯೇಸುಸ್ವಾಮಿಯವರ ಕಾಲದ ಬಗ್ಗೆ ತಿಳಿಸಿಕೊಡ್ತಾರೆ” ಎಂದು ಸಾರಿದ. ನಮ್ಮ ಮೈಕು ಅರ್ಧ ಮಾತನ್ನು ತಾನೇ ನುಂಗುವ ಮೈಕು. ಸಂಜೆ ಹೋಗಿ ನೋಡಿದರೆ ಮುಂದಿನ ಬೆಂಚಿನ ತುಂಬ ಅಜ್ಜಿಯರು. ಇಷ್ಟು ಜನಕ್ಕೆ ಇತಿಹಾಸದ ಹಸಿವಿದೆಯಲ್ಲ ಎಂದು ನಾನು ಉಬ್ಬಿಹೋದೆ. ಅರ್ಧ ಗಂಟೆ ರೋಮನ್ನರ ಆಳ್ವಿಕೆ ಹೇಳಿ ಉಸಿರು ತೆಗೆದುಕೊಳ್ಳುವಾಗ ಸೆಲಿನಜ್ಜಿ ಕೈ ಎತ್ತಿದಳು. “ಕಾಲಿನ ಇಷ್ಯ ಏಳ್ತಾರೆ ಅಂದ್ರಲ್ಲಾ ಮೇಷ್ಟ್ರೇ, ಮಂಡಿ ನೋವಿಗೆ ಯಾವ ಎಣ್ಣೆ ಒಳ್ಳೇದು ಅದುನ್ನ ಏಳ್ಬುಡಿ, ಒತ್ತಾಯ್ತು.” ಇದು ಕಾಲು ಅಲ್ಲಜ್ಜಿ, ಕಾಲ, ಎಂದು ನಾನು ಬೋರ್ಡಿನ ಮೇಲೆ ಎರಡನ್ನೂ ಬರೆದು ತೋರಿಸಿದೆ. ಅವಳಿಗೆ ಓದು ಬರುವುದಿಲ್ಲ ಎಂಬುದು ಆಮೇಲೆ ನೆನಪಾಯಿತು. ಮುಂದಿನ ವಾರ ಬೆಂಚು ಖಾಲಿಯಿತ್ತು.

ಉಳಿದವರು ಚೌರಪ್ಪನಂಥ ಕೆಲವರು. ಚೌರಪ್ಪ ಕುರಿ ವ್ಯಾಪಾರಿ. ಕಡೆಯ ದಿನ ದೇವರು ಕುರಿಗಳನ್ನೂ ಮೇಕೆಗಳನ್ನೂ ಬೇರೆ ಬೇರೆ ನಿಲ್ಲಿಸುವ ಮಾತು ಓದಿದಾಗ ಅವನು ಬಿದ್ದು ಬಿದ್ದು ನಕ್ಕ. “ಇದ್ಯಾವ ದೊಡ್ ಕೆಲ್ಸ ಮೇಷ್ಟ್ರೇ? ಬಂಡೂರು ಕುರಿ ನೋಡ್ಬುಟ್ಟು ಮೇಕೆ ಅನ್ನೋನು ಇದ್ದಾನಾ?” ಆ ಸೀಮೆಯ ಕುರಿ ಮೇಕೆಗಳು ದೂರದಿಂದ ಒಂದೇ ಥರ ಕಾಣುತ್ತಿದ್ದವಂತೆ, ಕಾಯುವವನಿಗೆ ಮಾತ್ರ ಗುರುತು ಸಿಗುತ್ತಿತ್ತಂತೆ, ಅದಕ್ಕೇ ಆ ಉಪಮೆ ಎಂದು ನಾನು ವಿವರಿಸಿದೆ. “ಅಂಗಾದ್ರೆ ಸರಿ ಬುಡಿ” ಎಂದು ಅವನು ದೇವರನ್ನು ಕ್ಷಮಿಸಿದ. ಅಂಥ ಸಂಜೆ ಮನೆಗೆ ಬರುವಾಗ ನನ್ನ ನಡಿಗೆಯೇ ಬೇರೆ ಇರುತ್ತಿತ್ತು.

ಹೀಗೆ ನಡೆಯುತ್ತಿರುವಾಗ ಪವಿತ್ರ ಗುರುವಾರ ಹತ್ತಿರ ಬಂತು. ಈಸ್ಟರ್ ಹಬ್ಬದ ಹಿಂದಿನ ಗುರುವಾರ ಅದು. ಕಡೆಯ ಊಟದ ದಿನ ಯೇಸುಸ್ವಾಮಿ ಶಿಷ್ಯರ ಕಾಲು ತೊಳೆದರಲ್ಲ, ಅದರ ನೆನಪಿಗೆ ಸಂಜೆಯ ಪೂಜೆಯಲ್ಲಿ ಫಾದರ್ ಹನ್ನೆರಡು ಜನರ ಬಲಗಾಲು ತೊಳೆಯುತ್ತಾರೆ. ಈ ಹನ್ನೆರಡು ಜನ ಏನು ಮಾಡುತ್ತಾರೆ ಗೊತ್ತೆ? ಕಾಲು ತೊಳೆಸಿಕೊಳ್ಳುವುದಕ್ಕೆ ಮೊದಲು ಮನೆಯಲ್ಲಿ ಕಾಲು ತೊಳೆದುಕೊಂಡು ಬರುತ್ತಾರೆ. ಸುಮ್ಮನೆ ಅಲ್ಲ, ಕಲ್ಲಿನಲ್ಲಿ ಉಜ್ಜಿ, ಉಗುರು ಕತ್ತರಿಸಿ, ಕೊಬ್ಬರಿ ಎಣ್ಣೆ ಹಚ್ಚಿ. ಒಂದು ವರ್ಷ ಚೌರಪ್ಪನ ಪಾದದಿಂದ ಬಂದ ಪೌಡರಿನ ಘಮಕ್ಕೆ ಫಾದರ್ ಸೀನಿದ್ದರು. ನಾನು ಪಾಠದಲ್ಲಿ ಇದನ್ನು ಖಂಡಿಸಿದೆ. ಆ ಕಾಲದಲ್ಲಿ ಜನ ಬರಿಯ ಚಪ್ಪಲಿಯಲ್ಲಿ ಧೂಳಿನ ದಾರಿ ತುಳಿದು ಬರುತ್ತಿದ್ದರು, ಬಂದವರ ಕಾಲು ತೊಳೆಯುವುದು ಮನೆಯ ಆಳುಗಳಲ್ಲೂ ಕಡೆಯ ಆಳಿನ ಕೆಲಸ, ಆ ಕೆಲಸಕ್ಕೆ ಗುರು ತಾನೇ ಬಗ್ಗಿದ್ದಕ್ಕೇ ಶಿಷ್ಯ ಪೇತ್ರ ಗಾಬರಿಯಾಗಿ ‘ನನ್ನ ಕಾಲನ್ನು ನೀವು ತೊಳೆಯಲೇಕೂಡದು’ ಅಂದದ್ದು. ಕೊಳೆಯೇ ಇಲ್ಲದ ಕಾಲಿಗೆ ನೀರು ಹುಯ್ದರೆ ಏನರ್ಥ? ಎಲ್ಲರೂ ಧೂಳುಗಾಲಲ್ಲೇ ಬನ್ನಿ ಎಂದೆ. ಎಲ್ಲರೂ ತಲೆಯಾಡಿಸಿದರು.

ಪಾಠ ಮುಗಿದ ಮೇಲೆ ಫಾದರ್ ನನ್ನನ್ನು ಪಕ್ಕಕ್ಕೆ ಕರೆದರು. “ಮೇಷ್ಟ್ರೇ, ಹೆಂಗಸರ ಕಾಲನ್ನೂ ತೊಳೆಯಬಹುದು ಅಂತ ಪೋಪರ ಅಪ್ಪಣೆಯಾಗಿ ವರ್ಷಗಳೇ ಆದವು. ಇಲ್ಲಿ ಮಾತ್ರ ಇನ್ನೂ ಹನ್ನೆರಡೂ ಗಂಡಸರೇ. ಈ ಸಲ ಮೂವರು ಹೆಂಗಸರನ್ನಾದರೂ ಕೂರಿಸಬೇಕು ಅಂತಿದ್ದೇನೆ. ಇಬ್ಬರನ್ನು ಕೇಳಿದೆ. ಮೇಷ್ಟ್ರ ಮನೆಯವರು ಕೂತರೆ ನಾವೂ ಕೂರುತ್ತೇವೆ ಅಂದರು. ನಿಮ್ಮನ್ನೇ ನಂಬಿದ್ದೇನೆ.” ಅದಕ್ಕೇನಂತೆ ಫಾದರ್, ಆಯಿತು ಅಂದುಕೊಳ್ಳಿ ಎಂದೆ. ಮದುವೆಯಾಗಿ ಮೂವತ್ತು ವರ್ಷದ ಮೇಲಾದರೂ ಹೆಂಡತಿಯ ಪರವಾಗಿ ಮಾತು ಕೊಡುವ ಧೈರ್ಯ ನನಗೆ ಎಲ್ಲಿಂದ ಬಂತೋ ತಿಳಿಯದು.

ಲೂರ್ದಮ್ಮ ಒಂದೇ ಮಾತಿನಲ್ಲಿ ಮುಗಿಸಿದಳು. “ಆಗಾಕಿಲ್ಲ.”

ಯಾಕೆ ಅಂದರೆ, “ಫಾದರ್ ನನ್ ಕಾಲು ಮುಟ್ಟೋದಾ? ಪಾಪ ಬತ್ತದೆ.” ಸರಿ, ಸಿಕ್ಕಿತಲ್ಲ ಸಂದರ್ಭ! ಇದು ಪೇತ್ರನದೇ ಮಾತು ನೋಡು ಎಂದು ನಾನು ಶುರುಮಾಡಿದೆ. ಆ ನಾಡಿನಲ್ಲಿ ಊಟಕ್ಕೆ ಹೇಗೆ ಒರಗಿಕೊಳ್ಳುತ್ತಿದ್ದರು, ಪಾದ ಹೇಗೆ ಹೊರಗೆ ಚಾಚಿರುತ್ತಿತ್ತು, ಯೇಸುಸ್ವಾಮಿಯ ಪಾದಕ್ಕೆ ಹೆಂಗಸೊಬ್ಬಳು ತೈಲ ಹಚ್ಚಿದ್ದು ಎಂಥ ದೊಡ್ಡ ಸಂಗತಿ, ಎಲ್ಲ ಹೇಳಿದೆ. ಅವಳು ಹಸುವಿಗೆ ಬೂಸಾ ಕಲಸಿದಳು. ಮಾರನೆಯ ದಿನ ರೋಮನ್ನರ ಮನೆಯಾಳುಗಳ ಸ್ಥಿತಿಗತಿ ವಿವರಿಸಿದೆ. ಅವಳು ಕೊಟ್ಟಿಗೆ ಗುಡಿಸಿದಳು. ಭಾನುವಾರ ದಾಟಿ ಆ ಗುರುವಾರದ ವಾರವೇ ಶುರುವಾಯಿತು. ಫಾದರ್ ಎದುರಿಗೆ ಸಿಕ್ಕಾಗ ನಾನು ಬೆಳಕವಾಡಿ ಕಡೆಯ ಬಸ್ಸು ನೋಡುವವನಂತೆ ಮುಖ ತಿರುಗಿಸಿಕೊಂಡೆ. ಊರಿಗೆಲ್ಲ ಪಾಠ ಹೇಳುವ ಮೇಷ್ಟ್ರ ಮಾತು ಮನೆಯಲ್ಲೇ ನಡೆಯುವುದಿಲ್ಲ ಅಂತಾದರೆ, ಇನ್ನು ಆ ಬೋರ್ಡಿನ ಮುಂದೆ ನಿಲ್ಲುವುದು ಹೇಗೆ? ನಿಜ ಹೇಳಬೇಕೆಂದರೆ ನನಗೆ ಫಾದರ್ ಚಿಂತೆಗಿಂತ ಈ ಚಿಂತೆಯೇ ದೊಡ್ಡದಾಗಿತ್ತು.

ಬುಧವಾರ ಸಂಜೆ ಅವಳು ಡೇರಿಗೆ ಹಾಲು ಹಾಕಿ ಬಂದು ಹಿತ್ತಲ ಕಲ್ಲಿನ ಮೇಲೆ ಕೂತಿದ್ದಳು. ನಾನು ಮತ್ತೆ ಹೋಗಿ, “ನೋಡು, ಆ ಕಾಲದಲ್ಲಿ...” ಎಂದೆ.

“ಅದು ಆ ಕಾಲ ಕಣ್ರೀ. ಇದು ಈ ಕಾಲು. ನೋಡಿ” ಎಂದು ಅವಳು ಸೀರೆಯ ಅಂಚು ಸರಿಸಿ ಹಿಮ್ಮಡಿ ತೋರಿಸಿದಳು.

ನಾಲೆ ನೀರು ನಿಂತುಹೋಗಿ ಒಣಗಿದ ಗದ್ದೆಯ ಹಾಗೆ ಹಿಮ್ಮಡಿ ಉದ್ದಕ್ಕೂ ಬಿರಿದಿತ್ತು. ಬಿರುಕಿನೊಳಗೆ ಸಗಣಿ ನೀರಿನ ಕಪ್ಪು ಕೂತು, ಅದು ಯಾವ ಕಲ್ಲಿಗೂ ಹೋಗುವಂಥದ್ದಾಗಿರಲಿಲ್ಲ. ಒಂದೆರಡು ಕಡೆ ರಕ್ತ ಒಣಗಿತ್ತು. “ಇದುನ್ನ ಪೀಠದ್ ಮೆಟ್ಲು ಮೇಲೆ ಕೂತ್ಕಂಡು ಊರ್ನೋರ್ಗೆಲ್ಲಾ ತೋರುಸ್ಲಾ? ನಿಮ್ಗೇನು, ಬಾಯಿ ಐತೆ, ಏಳ್ತೀರಿ.” ಎರಡು ಸಾವಿರ ವರ್ಷದ ಹಿಂದೆ ಯಾವ ದಾರಿಯಲ್ಲಿ ಎಷ್ಟು ಧೂಳಿತ್ತು ಎಂದು ಹೇಳಬಲ್ಲ ನಾನು ಈ ಕಾಲನ್ನು ನೋಡಿಯೇ ಇರಲಿಲ್ಲ. ತುಂಬ ನಾಚಿಕೆಯಾಯಿತು.

ಅವಳೇ ಮತ್ತೆ ಕೇಳಿದಳು. “ಅಲ್ಲಾ, ಯೇಸುಸ್ವಾಮಿ ಅವತ್ತು ಮೊದ್ಲು ಭಾಷ್ಣ ಮಾಡುದ್ರಾ, ಕಾಲು ತೊಳುದ್ರಾ?” ಯೊವಾನ್ನರ ಶುಭಸಂದೇಶದಲ್ಲಿ ಮೊದಲು ಎದ್ದರು, ಟವೆಲ್ ಕಟ್ಟಿಕೊಂಡರು, ಬೋಗುಣಿಗೆ ನೀರು ಹುಯ್ದರು. ಮಾತು ಆಮೇಲೆ. ಅದನ್ನು ನಾನು ಎಷ್ಟೋ ಸಲ ಓದಿದ್ದೆ, ಓದಿ ಹೇಳಿದ್ದೆ.

ಒಳಗೆ ಹೋಗಿ ನೀರು ಕಾಯಿಸಿದೆ. ಬೋಗುಣಿ ಎಲ್ಲಿದೆ ಎಂದು ಕೇಳುವುದಕ್ಕೆ ಅಭಿಮಾನ ಅಡ್ಡ ಬಂದು, ಸಿಕ್ಕಿದ ಹಿಟ್ಟಿನ ಪಾತ್ರೆಯಲ್ಲೇ ತಂದೆ. ಅವಳ ಬಲಗಾಲು ಹಿಡಿದು ನೀರಿಗಿಟ್ಟಾಗ ಅವಳು ಗಾಬರಿಯಾಗಿ ಬಾಗಿಲ ಕಡೆ ನೋಡಿದಳು. “ಅಯ್ಯೋ, ಬುಡ್ರೀ, ಯಾರಾರಾ ನೋಡುದ್ರೆ! ಗಂಡ ಕಾಲು ಮುಟ್ತಾನಾ?” ನಾನು ಬಿಡಲಿಲ್ಲ. ಸಾಬೂನು ಹಚ್ಚಿ ಮೆಲ್ಲಗೆ ಉಜ್ಜಿದೆ, ಒರೆಸಿದೆ, ಎಣ್ಣೆ ಹಚ್ಚಿದೆ. ಅವಳ ಕಣ್ಣು ಒದ್ದೆಯಾಗಿತ್ತು, ಹಿಟ್ಟಿನ ಪಾತ್ರೆ ಗುರುತಾಗಿತ್ತೋ ಏನೋ. ಎಡಗಾಲಿಗೆ ಕೈ ಹಾಕುವಾಗ, “ಒಂದು ಸಾಕು, ಏಳಿ, ಸೊಂಟ ಇಡ್ಕತದೆ” ಅಂದಳು. ಯೇಸುಸ್ವಾಮಿ ಪೇತ್ರನ ಮಾತು ಕೇಳಲಿಲ್ಲ. ನಾನು ಹೆಂಡತಿಯ ಮಾತು ಕೇಳುವವನು, ತಕ್ಷಣ ಎದ್ದೆ. ಸೊಂಟ ಆಗಲೇ ಹಿಡಿದುಕೊಂಡಿತ್ತು.

ಗುರುವಾರ ಸಂಜೆ ಅವಳು ಹೇಳದೆ ಕೇಳದೆ ಹಾಲಿನ ಕೆಲಸ ಮುಗಿಸಿಕೊಂಡು ನೇರವಾಗಿ ಚರ್ಚಿಗೆ ಬಂದು ಆ ಹನ್ನೆರಡು ಜನರಿಗೆಂದು ಪೀಠದ ಮೆಟ್ಟಿಲ ಮೇಲೆ ಹಾಕಿದ್ದ ಬೆಂಚಿನ ಕೊನೆಯಲ್ಲಿ ಕೂತಳು. ಅವಳನ್ನು ನೋಡಿ ಉಳಿದಿಬ್ಬರೂ ಬಂದು ಕೂತರು. ಫಾದರ್ ನನ್ನ ಕಡೆ ನೋಡಿದ ನೋಟಕ್ಕೆ ನಾನು ಅರ್ಹನಾಗಿರಲಿಲ್ಲ, ಆದರೂ ತಲೆ ಬಾಗಿಸಿ ಸ್ವೀಕರಿಸಿದೆ. ನನ್ನದೂ ಸೇರಿ ಹನ್ನೊಂದು ಬಲಗಾಲು ಸಾಲಾಗಿ ಮುಂದೆ ಬಂದವು. ಫಾದರ್ ಒಂದೊಂದಾಗಿ ತೊಳೆಯುತ್ತ ಕೊನೆಗೆ ಬಂದಾಗ ಲೂರ್ದಮ್ಮ ಚಾಚಿದ್ದು ಎಡಗಾಲು. ಡೇರಿಯ ದಾರಿಯ ಧೂಳೂ ಕೊಟ್ಟಿಗೆಯ ಕಪ್ಪೂ ಎಲ್ಲ ಹಾಗೇ ಇದ್ದ ಎಡಗಾಲು. ಫಾದರ್ ಕ್ಷಣ ತಡೆದು ಬೋಗುಣಿಯನ್ನು ಆ ಕಡೆಗೆ ಸರಿಸಿಕೊಂಡರು. ಉಳಿದವರಿಗೆ ನಾಲ್ಕು ಹನಿ ಹುಯ್ದವರು ಅಲ್ಲಿ ಮಂಡಿಯೂರಿ ತುಂಬ ಹೊತ್ತು ಬಿರುಕು ಬಿರುಕನ್ನೂ ತೊಳೆದರು. ಬೋಗುಣಿಯ ನೀರು ಮೊದಲ ಸಲ ಬಣ್ಣ ತಿರುಗಿತು.

ಮನೆಗೆ ನಡೆಯುವಾಗ ಕೇಳಿದೆ. “ಎಲ್ಲರೂ ಬಲಗಾಲು ಕೊಟ್ರೆ ನೀನ್ಯಾಕೆ ಎಡಗಾಲು ಕೊಟ್ಟೆ?”

“ಬಲಗಾಲು ನೀವು ತೊಳುದ್ರಲ್ಲಾ. ನೀವು ಬುಟ್ಟಿದ್ದುನ್ನ ಅವರ್ಗೆ ಕೊಟ್ಟೆ” ಅಂದಳು. ನಾಲ್ಕು ಹೆಜ್ಜೆ ನಡೆದು, ಮೂಗು ಅರಳಿಸಿ ನನ್ನ ಕಡೆ ತಿರುಗಿದಳು. “ಧೂಳುಗಾಲಲ್ಲಿ ಬನ್ನಿ ಅಂತ ಎಲ್ಲಾರ್ಗೂ ಏಳ್ಬುಟ್ಟು, ನೀವ್ಯಾಕ್ರೀ ಪೌಡ್ರು ಆಕ್ಕಂಡಿದ್ರಿ?”