ಘೋಷಾಲರಿಗೆ ನಾನಾಡಿದ ಬಂಗಾಳಿ

ಕೆಲವರಿಗೆ ಇಸ್ಪೀಟಿನ ಚಟ, ಕೆಲವರಿಗೆ ನಶ್ಯದ್ದು. ನನ್ನದು ಭಾಷೆಯ ಚಟ. ಯಾರಾದರೂ ತಮ್ಮ ಪಾಡಿಗೆ ತಮ್ಮ ಭಾಷೆಯಲ್ಲಿ ಮಾತಾಡುತ್ತಿದ್ದರೆ ನಡುವೆ ಬಾಯಿ ಹಾಕದೆ ಇರುವುದು ನನ್ನಿಂದಾಗದು. ಮನೆಯಲ್ಲಿ ತುಳು, ಶಾಲೆಯಲ್ಲಿ ಕಲಿತ ಕನ್ನಡ, ದೋಹಾಕ್ಕೆ ಬಂದ ಮೇಲೆ ಹಿಂದಿ, ಮಲಯಾಳಂ, ಜೊತೆಗೆ ಯಲ್ಲಾ, ಖಲಾಸ್, ಮಾಫಿ ಎಂಬಲ್ಲಿಗೆ ಮುಗಿಯುವ ಅರಬ್ಬಿ. ಇಷ್ಟಕ್ಕೇ ತೃಪ್ತನಾಗಿದ್ದರೆ ನಾನೀಗ ದಿನಾ ಮುಂಜಾನೆ ಕಂಪನಿ ಬಸ್ಸಿನ ಕಿಟಕಿಗೆ ತಲೆ ಬಡಿಸಿಕೊಳ್ಳುತ್ತ ತೂಕಡಿಸಬೇಕಾಗಿರಲಿಲ್ಲ.

ನನಗೆ ಬಂಗಾಳಿ ಕಲಿಸಿದವನು ಅಲ್ ಥುಮಾಮಾದ ನಮ್ಮ ಮನೆಯ ಹತ್ತಿರದ ಸೆಲೂನಿನ ಜಸೀಮ್, ಬಾಂಗ್ಲಾದೇಶದ ಚಟ್ಟಗ್ರಾಮದವನು. ಗಂಟಲ ಮೇಲೆ ಕತ್ತಿ ಇಟ್ಟು ಪಾಠ ಹೇಳುವ ಮೇಷ್ಟ್ರ ಮುಂದೆ ದಡ್ಡನಾಗುವ ಧೈರ್ಯ ಯಾರಿಗಿದೆ? ಬೇಗ ಕಲಿತೆ. ಅದಕ್ಕೂ ಹೆಚ್ಚಾಗಿ ನಮ್ಮಿಬ್ಬರನ್ನು ಹತ್ತಿರ ಮಾಡಿದ್ದು ಒಣಮೀನು. ನನ್ನ ಹೆಂಡತಿ ಸುಜಾತ ಊರಿನಿಂದ ಪ್ಲಾಸ್ಟಿಕ್ಕಿನ ಮೇಲೆ ಪ್ಲಾಸ್ಟಿಕ್ ಸುತ್ತಿ ತರುವ ಒಣಮೀನಿನ ವಾಸನೆ ನನ್ನ ಅಂಗಿಯಲ್ಲಿ ಸಿಕ್ಕಾಗ ಮೂಗು ಮುಚ್ಚದೆ, "ಶುಟ್ಕಿ!" ಎಂದು ಕಣ್ಣರಳಿಸಿದ ಪುಣ್ಯಾತ್ಮ ಅವನು. ಅಂದಿನಿಂದ ಪ್ರತಿ ಸಲ ಕುರ್ಚಿಯಲ್ಲಿ ಕೂತ ಕೂಡಲೇ "ಗಮ್ ಆಸೊನ್ ನಿ?" ಎಂದು ಕುಶಲ ಕೇಳುವುದು, ಆಮೇಲೆ ಒಣಮೀನಿನಿಂದ ಹಿಡಿದು ಅವನ ಮಾವನ ಜಗಳಗಂಟತನದವರೆಗೆ ಹರಟುವುದು. ನಾನು ಬಂಗಾಳಿ ಬಲ್ಲವನೆಂದು ಆಫೀಸಿಡೀ ಸಾರಿಕೊಂಡು ತಿರುಗಿದೆ.

ಹೀಗಿರುವಾಗ ಕೋಲ್ಕತ್ತದ ಘೋಷಾಲ್ ನಮಗೆ ಹೊಸ ಮ್ಯಾನೇಜರಾಗಿ ಬಂದರು. ಅವರ ಹಿಂದೆಯೇ ಒಂದು ಸುದ್ದಿಯೂ ಬಂತು: ದೂರದ ಅಲ್ ಖೋರ್ ಪಟ್ಟಣದಾಚೆಯ ಕಾಮಗಾರಿ ಸೈಟಿಗೆ ನಮ್ಮ ವಿಭಾಗದಿಂದ ಒಬ್ಬರನ್ನು ಹಾಕುತ್ತಾರೆ. ನನ್ನನ್ನು, ಇಲ್ಲವೇ ಪಕ್ಕದ ಮೇಜಿನ ವರ್ಗೀಸನನ್ನು. ಸೈಟೆಂದರೆ ಬೆಳಕು ಹರಿಯುವ ಮೊದಲೇ ಬಸ್ಸು ಹತ್ತಬೇಕು. ಮಗಳನ್ನು ಶಾಲೆಗೆ ಬಿಡಲು ಹೋಗುತ್ತ, ಇಂಗ್ಲಿಷಿನಲ್ಲೇ ಕನಸು ಕಾಣುವ ಆ ಹುಡುಗಿಯ ಬಾಯಿಂದ ನಾಲ್ಕು ಕನ್ನಡದ ಮಾತು ಹೊರಡಿಸುವುದು ನನ್ನ ದಿನದ ದೊಡ್ಡ ಸಂತೋಷ. ಸೈಟಿಗೆ ಹಾಕಿದರೆ ಅದೂ ಹೋದ ಹಾಗೆಯೇ.

"ತನ್ನ ಭಾಷೆ ಕೇಳಿದರೆ ಎಂಥ ಮ್ಯಾನೇಜರನೂ ಕರಗುತ್ತಾನೆ, ನೋಡ್ತಾ ಇರು," ಎಂದೆ ಸುಜಾತಳಿಗೆ.

"ನೀವು ಬಾಯಿ ಮುಚ್ಚಿ ಕೂತರೆ ಸಾಕು ಮಾರಾಯ್ರೆ," ಎಂದಳು ಅವಳು. "ಆ ವರ್ಗೀಸ್ ಸುಮ್ಮನೆ ಇಲ್ವಾ?"

ಹೆಂಡತಿಯ ಮಾತು ಕೇಳುವ ಅಭ್ಯಾಸ ನನಗಿದ್ದರೆ ಈ ಪ್ರಬಂಧವೇ ಹುಟ್ಟುತ್ತಿರಲಿಲ್ಲ. ಮರುದಿನ ಫೈಲು ಹಿಡಿದು ಒಳಗೆ ಹೋದವನು ಎದೆಯುಬ್ಬಿಸಿ "ಗಮ್ ಆಸೊನ್ ನಿ?" ಎಂದು ಶುರು ಮಾಡಿ, ಜಸೀಮ್ ಕಲಿಸಿದ್ದನ್ನೆಲ್ಲ ಒಂದೇ ಉಸಿರಿಗೆ ಸುರಿದೆ. ಘೋಷಾಲ್ ಕನ್ನಡಕ ತೆಗೆದು, ತಲೆದೂಗಿ, ಬಹಳ ವಿನಯದಿಂದ ಆಲಿಸಿದರು. ಕೊನೆಗೆ ಇಂಗ್ಲಿಷಿನಲ್ಲಿ, "ತುಂಬಾ ಇಂಪಾಗಿದೆ. ನಿಮ್ಮ ತುಳು ಬಗ್ಗೆ ಕೇಳಿದ್ದೆ, ಇವತ್ತೇ ಕಿವಿಗೆ ಬಿದ್ದದ್ದು," ಎಂದರು.

ಅಲ್ಲಿಗೇ ಕೃತಜ್ಞತೆ ಹೇಳಿ ಎದ್ದು ಬರಬಹುದಿತ್ತು. ಆದರೆ ಮೂರ್ಖನಿಗೂ ಸ್ವಾಭಿಮಾನ ಇರುತ್ತದೆ.

"ಸರ್, ಇದು ಬಂಗಾಳಿ," ಎಂದೆ.

ಘೋಷಾಲ್ ಕನ್ನಡಕವನ್ನು ಮತ್ತೆ ಏರಿಸಿಕೊಂಡರು. ಕಲಿಸಿದ್ದು ಯಾರೆಂದು ಕೇಳಿದರು, ಹೇಳಿದೆ. "ಓ, ಚಟ್ಟಗ್ರಾಮ!" ಎಂದು ಅವರ ಮುಖ ಬೆಳಗಿತು. "ಅದು ನಮಗೂ ಒಂದಕ್ಷರ ಅರ್ಥವಾಗುವುದಿಲ್ಲ."

ನನಗೆ ನಾಚಿಕೆಯಾದದ್ದು ಇದಕ್ಕಲ್ಲ. ತುಳು ಅಂದರೆ ಕನ್ನಡದ್ದೇ ಒಂದು ಬಗೆಯಲ್ಲವೇ ಎಂದು ಯಾರಾದರೂ ಕೇಳಿದರೆ ಚಹಾ ಆರುವ ತನಕ ಭಾಷಣ ಬಿಗಿಯುವವನು ನಾನು. ಅಂಥವನು ಚಟ್ಟಗ್ರಾಮ, ಕೋಲ್ಕತ್ತ ಎಲ್ಲ ಒಂದೇ ಎಂದು ತಿಳಿದಿದ್ದೆನಲ್ಲ! ಈ ಸಂಗತಿಯನ್ನು ಸುಜಾತಳಿಗೆ ಇನ್ನೂ ಹೇಳಿಲ್ಲ.

ಎರಡು ದಿನ ಕಳೆದು ಘೋಷಾಲ್ ನನ್ನನ್ನು ಕರೆದು ಕೈಕುಲುಕಿದರು. "ಸೈಟಿನಲ್ಲಿ ತುಂಬ ಮಂದಿ ಬಾಂಗ್ಲಾದವರು. ಅವರ ಮಾತು ನನಗೆ ತಿಳಿಯುವುದಿಲ್ಲ. ದೇವರ ದಯೆ, ನೀವಿದ್ದೀರಿ." ಈ ತನಕ ಒಂದೇ ಒಂದು ಬಂಗಾಳಿ ಪದ ಆಡದ ವರ್ಗೀಸ್ ತನ್ನ ಮೇಜಿನಲ್ಲೇ ಕೂತು, ಕಣ್ಣಲ್ಲೇ ನನಗೆ ಸಂತಾಪ ಸೂಚಿಸಿದ.

ಮೊದಲ ದಿನ ಸೈಟಿನಲ್ಲಿ ಕೆಲಸಗಾರರನ್ನೆಲ್ಲ ಸೇರಿಸಿ, ಸುರಕ್ಷತೆಯ ಬಗ್ಗೆ ನನ್ನ ಬಂಗಾಳಿಯಲ್ಲಿ ದೀರ್ಘವಾಗಿ ವಿವರಿಸಿದೆ. ಎಲ್ಲರೂ ಘೋಷಾಲರಷ್ಟೇ ವಿನಯದಿಂದ ಆಲಿಸಿದರು. ಆಮೇಲೆ ಅವರಲ್ಲಿ ಹಿರಿಯನಾದ ಫೋರ್ಮನ್ ಮುಂದೆ ಬಂದು, "ಸಾಹೇಬರೇ, ನಾವೆಲ್ಲ ಸಿಲ್ಹೆಟ್ ಕಡೆಯವರು. ನಮ್ಮ ಮಾತೇ ಬೇರೆ. ಹಿಂದಿಯಲ್ಲಿ ಹೇಳಿಬಿಡಿ," ಎಂದ.

ಹಿಂದಿಯಲ್ಲಿ ಹೇಳಿದೆ. ಬಸ್ಸು ಗಂಡೋ ಹೆಣ್ಣೋ ಎಂದು ಇಷ್ಟು ವರ್ಷವಾದರೂ ಇತ್ಯರ್ಥವಾಗದ, ಅಪ್ಪಟ ಮಂಗಳೂರಿನ ಹಿಂದಿ. ಅವರು ಮುಖ ಮುಖ ನೋಡಿಕೊಂಡರು. ಫೋರ್ಮನ್ ನನ್ನ ಹೆಗಲ ಮೇಲೆ ಕೈಯಿಟ್ಟು ಮೆಲ್ಲಗೆ ಹೇಳಿದ:

"ಸಾಹೇಬರೇ, ಮೊದಲು ಆಡಿದಿರಲ್ಲ, ಅದೇ ವಾಸಿ."